ಅಕ್ಷರಗುಂಡಿನ ಮೇಲೊಂದು ರುಜು

ಮೊಳಕಾಲ್ಮುರು ತಾಲ್ಲೂಕಿನ ಬ್ರಹ್ಮಗಿರಿಯ ಮಗ್ಗುಲಿಗೆ ಒಂದು ಬಂಡೆ. ಬಂಡೆಯ ಮೇಲೆ 13 ಸಾಲು ಬರಹ. ಎಡದಿಂದ ಬಲಕ್ಕೆ, ನಾವು ನೀವು ಬರೆಯುವ ಹಾಗೆಯೇ ಸಾಲುಗಳು ಸಾಗುತ್ತವೆ. ಸಾಗುತ್ತ ಸಾಗುತ್ತ ಕೊಟ್ಟಕೊನೆಗೆ ಬಂದು, ಇನ್ನೊಂದೇ ಒಂದು ಪದ ಉಳಿದಿದೆ ಅನ್ನುವಾಗ, ಬರೆಯುತ್ತಿದ್ದವನು ಇದ್ದಕ್ಕಿದ್ದಂತೆ ಲಿಪಿಯನ್ನೇ ಬದಲಾಯಿಸಿಬಿಡುತ್ತಾನೆ! ಲಿಪಿಯ ಜೊತೆಗೆ ದಿಕ್ಕನ್ನೂ! ಕೊನೆಯ ಐದು ಅಕ್ಷರಗಳು ಬಲದಿಂದ ಎಡಕ್ಕೆ ಹೊರಳಿ ಕೂತಿವೆ. ಉಳಿದದ್ದೆಲ್ಲ ಬ್ರಾಹ್ಮಿ, ಈ ಐದು ಮಾತ್ರ ಖರೋಷ್ಠಿ. ಪೇಶಾವರ, ತಕ್ಷಶಿಲೆಗಳ ಕಡೆ ಬಳಕೆಯಲ್ಲಿದ್ದ ಲಿಪಿ ಅದು. ಇಲ್ಲಿಂದ ಎರಡು ಸಾವಿರ ಕಿಲೋಮೀಟರಿಗೂ ಆಚೆ. ಕಾಲ ಕ್ರಿ.ಪೂ. 3ನೇ ಶತಮಾನದ ನಡುಭಾಗ. ಅಪ್ಪಣೆ ಅಶೋಕ ಚಕ್ರವರ್ತಿಯದು. ಆದರೆ ಆ ಐದು ಅಕ್ಷರ ಚಕ್ರವರ್ತಿಯದಲ್ಲ. ಅವು ಬರೆದವನ ಸ್ವಂತದ್ದು!

ಅಲ್ಲಿರುವುದು ‘ಲಿಪಿಕರೇಣ’ ಎಂಬ ಒಂದೇ ಪದ, ಲಿಪಿಕಾರನಿಂದ ಎಂದು. ಅದಕ್ಕೆ ಸ್ವಲ್ಪ ಮುಂಚೆ, ಬ್ರಾಹ್ಮಿಯಲ್ಲೇ, ಅವನ ಹೆಸರು ಇದೆ: ಚಪಡ.

ಹೆಸರು ಕೇಳಿದರೇ ಮೈ ಝುಮ್ಮೆನ್ನುತ್ತದೆ ನನಗೆ. ಉಪಖಂಡದ ಉದ್ದಗಲಕ್ಕೆ, ಅಫ್ಘಾನಿಸ್ತಾನದಿಂದ ನಮ್ಮ ಬಯಲುಸೀಮೆಯವರೆಗೆ, ಅಶೋಕ ಬಂಡೆಗಳ ಮೇಲೆ, ಕಂಬಗಳ ಮೇಲೆ ಬರೆಸುತ್ತಲೇ ಹೋದ. ಬರೆದವರು ಅದೆಷ್ಟು ಜನವೋ. ಅವರಲ್ಲಿ ಹೆಸರು ಉಳಿದಿರುವುದು ಒಬ್ಬನದು ಮಾತ್ರ. ಅದು ಉಳಿದಿರುವುದು ಪಾಟಲಿಪುತ್ರದಲ್ಲೂ ಅಲ್ಲ, ಸಾರನಾಥದಲ್ಲೂ ಅಲ್ಲ. ಮೊಳಕಾಲ್ಮುರಿನಲ್ಲಿ!

ಶಾಸನಶಾಸ್ತ್ರದವರಿಗೆ ಈ ಸಂಗತಿ ನೂರಕ್ಕೂ ಹೆಚ್ಚು ವರ್ಷಗಳಿಂದ ಗೊತ್ತು. ಅವರಿಗೆ ಇದು ಲಿಪಿಯ ಇತಿಹಾಸದ ಒಂದು ಟಿಪ್ಪಣಿ. ಚಿತ್ರಕಲೆಯವರಿಗೆ ಇದು ಶಾಸನದವರ ಆಸ್ತಿ, ತಮಗೆ ಸಂಬಂಧಿಸಿದ್ದಲ್ಲ. ಹೀಗಾಗಿ ಎರಡೂ ಮನೆಯವರ ಕಣ್ಣಿಗೆ ಬೀಳದೆ ಒಬ್ಬ ಕಲಾವಿದ ಸುಮಾರು 2,270 ವರ್ಷಗಳಿಂದ ಅಲ್ಲಿ ಬಿಸಿಲಿಗೆ ಮೈಯೊಡ್ಡಿ ನಿಂತಿದ್ದಾನೆ. ನನ್ನ ತೀರ್ಮಾನವನ್ನು ಈಗಲೇ ಹೇಳಿಬಿಡುತ್ತೇನೆ, ಜಗಳಕ್ಕೆ ಬರುವವರು ಬರಲಿ: ಅಕ್ಷರವನ್ನು ಓದಿಸಲಿಕ್ಕಲ್ಲದೆ ನೋಡಿಸಲಿಕ್ಕೆಂದು ಬರೆದವರಲ್ಲಿ ನಮ್ಮ ನೆಲದಲ್ಲಿ ನಮಗೆ ಗೊತ್ತಿರುವ ಮೊದಲಿಗ ಇವನೇ. ಇವತ್ತು ಭಾಷೆ ಮತ್ತು ನೋಟವನ್ನು ಕೆಣಕುವ ಕಲಾವಿದರೆಂದು ಯಾರನ್ನು ಕರೆಯುತ್ತೇವೋ, ಅವರ ಸಾಲಿನ ತಲೆಯಲ್ಲಿ ಚಪಡನಿಗೊಂದು ಜಾಗ ಬಿಡಬೇಕು.

ಚಳ್ಳಕೆರೆಯಿಂದ ಬಳ್ಳಾರಿ ರಸ್ತೆ ಹಿಡಿಯಿರಿ. ಶೇಂಗಾ ಎಣ್ಣೆ ಗಿರಣಿಗಳ ಊರು ಹಿಂದೆ ಸರಿಯುತ್ತದೆ. ಮಳೆ ಕಡಿಮೆ, ಮರ ಕಡಿಮೆ, ಆಕಾಶ ಮಾತ್ರ ಧಾರಾಳ. ಕುರಿಹಿಂಡು, ಕಂಬಳಿ ಹೊದ್ದ ಕುರಿಗಾಹಿ, ಜಾಲಿ. ದಾರಿಯಲ್ಲಿ ತಳಕು ಸಿಗುತ್ತದೆ. ಕನ್ನಡ ಓದಿದವರು ಇಲ್ಲೊಮ್ಮೆ ಗಾಡಿ ನಿಧಾನ ಮಾಡಬೇಕು. ಕುವೆಂಪು ಅವರ ಗುರುಗಳಾದ ತಳುಕಿನ ವೆಂಕಣ್ಣಯ್ಯನವರ ಊರು. ‘ಶ್ರೀ ರಾಮಾಯಣ ದರ್ಶನಂ’ ಅರ್ಪಿತವಾಗಿರುವುದು ಅವರಿಗೇ. ದುರ್ಗದ ಕಥೆ ಬರೆದ ತ.ರಾ.ಸು. ಕೂಡ ಈ ಮನೆತನದವರೇ. ಆಮೇಲೆ ಬಿ.ಜಿ. ಕೆರೆ, ಹಾನಗಲ್. ಅಲ್ಲಿಂದ ಮುಂದೆ ಎತ್ತ ನೋಡಿದರೂ ಗುಂಡು. ಒಂದರ ಮೇಲೊಂದು ಪೇರಿಸಿದ, ಈಗ ಬಿದ್ದೀತು ಆಗ ಬಿದ್ದೀತು ಅನ್ನಿಸುವ, ಯುಗಗಳಿಂದ ಬೀಳದ ಗುಂಡುಗಳು. ಕಲ್ಲಿಗೆ ಬರವಿಲ್ಲದ ಸೀಮೆ ಇದು. ಬರೆಯಬೇಕೆಂದು ಹಂಬಲಿಸುವವನಿಗೆ ಇನ್ನೆಂಥ ಹಾಳೆ ಬೇಕು!

ಚಪಡನ ಸಿಕ್ಕಷ್ಟೂ ಕೃತಿಗಳು ಈ ಒಂದು ತಾಲ್ಲೂಕಿನೊಳಗೇ ಇವೆ. ಒಟ್ಟು ಮೂರು. ಬ್ರಹ್ಮಗಿರಿಯದು ಒಂದು, ಪಕ್ಕದ ಸಿದ್ದಾಪುರದ್ದು ಇನ್ನೊಂದು, ಜಟಿಂಗ ರಾಮೇಶ್ವರ ಬೆಟ್ಟದ್ದು ಮೂರನೆಯದು. ಕೆಲವೇ ಕಿಲೋಮೀಟರುಗಳ ಅಂತರದಲ್ಲಿ, ಹೆಚ್ಚುಕಡಿಮೆ ಅದೇ ಒಕ್ಕಣೆ, ಕೊನೆಗೆ ಅದೇ ರುಜು. ಮೂರು ಸಲವೂ ಅದೇ ಪದದ ಹತ್ತಿರ ಬಂದು ಅವನು ಲಿಪಿ ಬದಲಿಸುತ್ತಾನೆ. ಒಂದು ಸಲ ಮಾಡಿದ್ದರೆ ಕೈತಪ್ಪು ಅನ್ನಬಹುದಿತ್ತು. ಎರಡು ಸಲ ಮಾಡಿದ್ದರೆ ಅಭ್ಯಾಸಬಲ. ಮೂರು ಸಲ, ಮೂರು ಬೇರೆ ಬೇರೆ ಬಂಡೆಗಳ ಮೇಲೆ, ಕರಾರುವಾಕ್ಕಾಗಿ ಅದೇ ಜಾಗದಲ್ಲಿ! ಇದು ಬೇಕೆಂದೇ ಮಾಡಿದ್ದು. ಇದು ಶೈಲಿ.

ಶಾಸನದ ಒಕ್ಕಣೆ ಶುರುವಾಗುವುದೇ ಕಚೇರಿಯ ಧಾಟಿಯಲ್ಲಿ. ಸುವರ್ಣಗಿರಿಯಲ್ಲಿರುವ ರಾಜಕುಮಾರ ಮತ್ತು ಮಹಾಮಾತ್ರರು ಇಸಿಲದ ಮಹಾಮಾತ್ರರ ಆರೋಗ್ಯ ವಿಚಾರಿಸಿ, ದೇವಾನಾಂಪಿಯ, ಅಂದರೆ ಅಶೋಕ, ಹೀಗೆ ಅಪ್ಪಣೆ ಕೊಡಿಸಿದ್ದಾನೆ ಎಂದು ತಿಳಿಸುತ್ತಾರೆ. ಆಮೇಲೆ ರಾಜನ ಮಾತು: ತಾನು ಉಪಾಸಕನಾಗಿ ಎರಡೂವರೆ ವರ್ಷ ದಾಟಿತು, ಮೊದಲ ಒಂದು ವರ್ಷ ಅಷ್ಟೇನೂ ಉತ್ಸಾಹ ತೋರಲಿಲ್ಲ, ಸಂಘದ ಹತ್ತಿರ ಹೋದ ಮೇಲೆ ಚುರುಕಾದೆ, ಪ್ರಯತ್ನಪಟ್ಟರೆ ದೊಡ್ಡವರಿಗಷ್ಟೇ ಅಲ್ಲ, ಸಣ್ಣವರಿಗೂ ಫಲ ಸಿಗುತ್ತದೆ. ಅದಾದ ಮೇಲೆ ತಂದೆತಾಯಿಯ ಮಾತು ಕೇಳಬೇಕು, ಜೀವಗಳ ಬಗ್ಗೆ ಕರುಣೆಯಿರಬೇಕು, ಸತ್ಯ ನುಡಿಯಬೇಕು, ಶಿಷ್ಯ ಗುರುವನ್ನು ಗೌರವಿಸಬೇಕು ಎಂಬ ಬುದ್ಧಿವಾದ. ನಡುವೆ 256 ಎಂಬ ಸಂಖ್ಯೆ ಬರುತ್ತದೆ, ಅದರ ಅರ್ಥದ ಬಗ್ಗೆ ಪಂಡಿತರ ಜಗಳ ಇನ್ನೂ ಮುಗಿದಿಲ್ಲ. ಸುವರ್ಣಗಿರಿ ಅಂದರೆ ನಮ್ಮ ಕನಕಗಿರಿಯೋ ಆಂಧ್ರದ ಜೊನ್ನಗಿರಿಯೋ ಎಂಬುದೂ ಅಂಥದೇ ಜಗಳ. ಇಸಿಲ ಮಾತ್ರ ಈ ಬ್ರಹ್ಮಗಿರಿಯ ಬುಡದ ಊರೇ ಎಂಬುದಕ್ಕೆ ಹೆಚ್ಚು ಜನರ ಒಪ್ಪಿಗೆ ಇದೆ. 1947ರಲ್ಲಿ ಮಾರ್ಟಿಮರ್ ವ್ಹೀಲರ್ ಇಲ್ಲಿ ಅಗೆದು, ನುಣುಪು ಕಲ್ಲುಕೊಡಲಿಯ ಜನ, ಬೃಹತ್ ಶಿಲಾಗೋರಿಗಳ ಜನ, ಅವರಾದ ಮೇಲೆ ಬಂದವರು ಎಂದು ನೆಲದ ಪದರಗಳನ್ನು ಒಂದೊಂದಾಗಿ ಬಿಚ್ಚಿಟ್ಟರು. ಅವರಿಗಿಂತ ಮೊದಲೇ ಮೈಸೂರಿನ ಡಾ. ಎಂ.ಎಚ್. ಕೃಷ್ಣ ಇಲ್ಲಿ ಅಗೆದಿದ್ದರು. ಅವರ ಹೆಸರನ್ನು ನಾವು ಬೇಗ ಮರೆಯುತ್ತೇವೆ, ಸಾಹೇಬರ ಹೆಸರನ್ನು ಮರೆಯುವುದಿಲ್ಲ.

ಈಗ ಒಂದು ಗಳಿಗೆ ಆ ಬಂಡೆಯ ಮುಂದೆ ನಿಂತವರನ್ನು ಕಣ್ಣಮುಂದೆ ತಂದುಕೊಳ್ಳಿ. ಇಸಿಲದ ಜನ. ಕಲ್ಲಿನ ಗೋರಿ ಕಟ್ಟುತ್ತಿದ್ದ, ಕಬ್ಬಿಣ ಬಳಸುತ್ತಿದ್ದ, ದನ ಕುರಿ ಮೇಯಿಸುತ್ತಿದ್ದ ಜನ. ಈ ಭಾಗದಲ್ಲಿ ಅಶೋಕನ ಶಾಸನಗಳಿಗಿಂತ ಹಿಂದಿನ ಬರಹ ನಮಗೆ ಸಿಕ್ಕಿಲ್ಲ. ಅಂದರೆ ಅವರಲ್ಲಿ ಬಹಳ ಮಂದಿ ಜೀವನದಲ್ಲಿ ಮೊದಲ ಸಲ ಕಂಡ ಅಕ್ಷರ ಇದೇ ಇದ್ದಿರಬೇಕು! ಮಾತು ಗೊತ್ತಿತ್ತು, ಮಾತಿಗೆ ಆಕಾರ ಇರುತ್ತದೆ ಎಂಬುದು ಗೊತ್ತಿರಲಿಲ್ಲ. ಸಾಲದ್ದಕ್ಕೆ ಶಾಸನದ ಭಾಷೆ ಪ್ರಾಕೃತ. ಯಾರಾದರೂ ನಿಂತು ಓದಿ ಹೇಳಿ ಅರ್ಥ ಬಿಡಿಸಿದರೆ ಮಾತ್ರ ಅದು ಅವರಿಗೆ ಮಾತು. ಇಲ್ಲದಿದ್ದರೆ ಬರೀ ಗೆರೆ, ಬರೀ ಸುತ್ತು, ಬರೀ ಚುಕ್ಕೆ.

ಆ ಗೆರೆಗಳನ್ನು ಒಂದಿಷ್ಟು ಹತ್ತಿರದಿಂದ ನೋಡೋಣ. ಅಶೋಕನ ಬ್ರಾಹ್ಮಿ ಅಂದರೆ ಅಷ್ಟು ಸರಳ, ಅಷ್ಟು ಚೆಂದ! ‘ಕ’ ಅಂದರೆ ಕೂಡಿಸುವ ಚಿಹ್ನೆ, ಅಡ್ಡಗೆರೆ ಉದ್ದಗೆರೆ ಅಷ್ಟೆ. ‘ಗ’ ಅಂದರೆ ಗುಡಿಸಲ ಸೂರಿನಂತೆ ಎರಡು ಗೆರೆ. ‘ಠ’ ಅಂದರೆ ಬರೀ ಒಂದು ಸೊನ್ನೆ. ಸೊನ್ನೆಯೊಳಗೆ ಚುಕ್ಕೆಯಿಟ್ಟರೆ ‘ಥ’. ಈಗ ನಮ್ಮ ಕನ್ನಡದ ‘ಠ’ ಬರೆದು ನೋಡಿ. ಆ ಸೊನ್ನೆ ಇನ್ನೂ ಅಲ್ಲೇ ಇದೆ! ‘ಥ’ದ ಚುಕ್ಕೆಯೂ ಅಲ್ಲೇ ಇದೆ! ಒಂದನೇ ತರಗತಿಯ ಮಗು ಸ್ಲೇಟಿನ ಮೇಲೆ ತಿದ್ದುವುದು ಈ ಬಂಡೆಯ ಮೇಲಿನ ಆಕಾರದ ಮರಿಮಕ್ಕಳ ಮರಿಮಕ್ಕಳನ್ನೇ. ಬ್ರಾಹ್ಮಿ ಅಕ್ಷರಗಳು ನೆಟ್ಟಗೆ ನಿಲ್ಲುತ್ತವೆ, ಒಂದಕ್ಕೊಂದು ತಗಲುವುದಿಲ್ಲ, ಜ್ಯಾಮಿತಿಯ ಪಾಠದಂತೆ ಅಚ್ಚುಕಟ್ಟು. ಖರೋಷ್ಠಿಯ ಸ್ವಭಾವವೇ ಬೇರೆ. ಪರ್ಷಿಯನ್ ಸಾಮ್ರಾಜ್ಯದ ಕಚೇರಿಗಳಲ್ಲಿ ಓಡಾಡಿದ ಅರಮಾಯಿಕ್ ಲಿಪಿಯ ಬಳಗ ಅದು. ಮಸಿಯಲ್ಲಿ, ಸರಸರನೆ ಬರೆದು ಪಳಗಿದ ಕೈಯ ಅಕ್ಷರ. ಬಾಗುತ್ತದೆ, ಓರೆಯಾಗುತ್ತದೆ, ತುದಿ ಮಡಚಿಕೊಳ್ಳುತ್ತದೆ. ನೆಟ್ಟಗೆ ನಿಂತ 13 ಸಾಲುಗಳ ಕೊನೆಗೆ ಈ ಓರೆ ಅಕ್ಷರ ಐದು ಬಂದು ಕೂತಾಗ, ಒಂದಕ್ಷರ ಬಾರದವನ ಕಣ್ಣಿಗೂ ಇಲ್ಲೇನೋ ಬದಲಾಯಿತು ಎಂದು ಹೊಳೆಯಲೇಬೇಕು!

ನನಗೆ ಉಸಿರು ಕಟ್ಟಿದ್ದು ಇಲ್ಲೇ. ಬ್ರಾಹ್ಮಿ ಬಲ್ಲವನೊಬ್ಬ, ಅಧಿಕಾರಿಯೋ ಭಿಕ್ಷುವೋ, ಈ ಬಂಡೆಯನ್ನು ಓದುತ್ತ ಬರುತ್ತಾನೆ ಅಂದುಕೊಳ್ಳಿ. ಓದು ಬಲ್ಲವನಿಗೆ ಅಕ್ಷರದ ಆಕಾರ ಕಾಣುವುದೇ ಇಲ್ಲ, ನೇರ ಅರ್ಥ ಕಾಣುತ್ತದೆ. ಜಾನ್ ರಿಡ್ಲಿ ಸ್ಟ್ರೂಪ್ ಎಂಬ ಅಮೆರಿಕದ ಮನೋವಿಜ್ಞಾನಿ 1935ರಲ್ಲಿ ಇದನ್ನು ಪ್ರಯೋಗ ಮಾಡಿ ತೋರಿಸಿದ. ‘ಕೆಂಪು’ ಎಂಬ ಪದವನ್ನು ಹಸಿರು ಮಸಿಯಲ್ಲಿ ಬರೆದು, ಮಸಿಯ ಬಣ್ಣ ಯಾವುದು ಹೇಳಿ ಅಂದರೆ ಓದುಬಲ್ಲವರು ತಡವರಿಸುತ್ತಾರೆ. ಬಣ್ಣ ನೋಡಬೇಕೆಂದರೂ ಮನಸ್ಸು ಪದವನ್ನು ಓದಿಬಿಡುತ್ತದೆ. ಓದು ಕಲಿತವನಿಗೆ ಓದದೆ ನೋಡುವುದು ಬಲು ಕಷ್ಟ. ಅಂಥ ಓದುಗ 13ನೇ ಸಾಲಿನವರೆಗೆ ಸಲೀಸಾಗಿ ಬರುತ್ತಾನೆ, ಚಪಡನ ಹೆಸರನ್ನೂ ಓದುತ್ತಾನೆ, ಆಮೇಲೆ ಧಡಕ್ಕನೆ ನಿಲ್ಲುತ್ತಾನೆ. ಮುಂದಿನದು ಓದಲಿಕ್ಕೆ ಬರುವುದಿಲ್ಲ! ಆ ಕ್ಷಣ ಅವನೂ, ಪಕ್ಕದಲ್ಲಿ ನಿಂತ ಕುರಿಗಾಹಿಯೂ ಒಂದೇ. ಇಬ್ಬರೂ ನೋಡುತ್ತಿದ್ದಾರೆ, ಬರೀ ನೋಡುತ್ತಿದ್ದಾರೆ. ಓದುವವನನ್ನು ನೋಡುವವನನ್ನಾಗಿ ಮಾಡಲು ಚಪಡನಿಗೆ ಬೇಕಾದದ್ದು ಒಂದು ಪದ!

ಇನ್ನೂ ಒಂದು ಮೋಜಿದೆ. ಶಾಸನವನ್ನು ಬರೆಯುವವನು ಬೇರೆ, ಕೊರೆಯುವವನು ಬೇರೆ ಎಂಬುದು ಹಳೆಯ ಪದ್ಧತಿ. ನಮ್ಮ ಹಳಗನ್ನಡ ಶಾಸನಗಳಲ್ಲೂ ಬರೆದವನ ಹೆಸರು ಬೇರೆ, ಕಂಡರಿಸಿದವನ ಹೆಸರು ಬೇರೆ ಬರುವುದುಂಟು. ಚಪಡ ಹೇಳಿಕೊಂಡಿರುವುದು ತಾನು ಬರೆದೆ ಎಂದು. ಬಂಡೆಯ ಮೇಲೆ ಅವನು ಗುರುತು ಹಾಕಿಕೊಟ್ಟ ಗೆರೆಯ ಮೇಲೆ ಉಳಿ ಹಿಡಿದು ಕೊರೆದವನು ಊರಿನ ಒಬ್ಬ ಕಲ್ಲುಕುಟಿಗನೇ ಆಗಿದ್ದರೆ, ಆ ಖರೋಷ್ಠಿ ಅಕ್ಷರಗಳು ಅವನಿಗೆ ಅಪ್ಪಟ ಚಿತ್ರ. ಏನು ಕೊರೆಯುತ್ತಿದ್ದೇನೆಂದು ತಿಳಿಯದೆ, ಎಲ್ಲಿ ಬಾಗಬೇಕೋ ಅಲ್ಲಿ ಬಾಗಿ, ಎಲ್ಲಿ ತಿರುಗಬೇಕೋ ಅಲ್ಲಿ ತಿರುಗಿ, ಗಟ್ಟಿ ಕಲ್ಲಿನಲ್ಲಿ ಅವನ ಉಳಿ ಓಡಿದೆ. ಅವನ ಹೆಸರು ಉಳಿದಿಲ್ಲ. ರುಜು ಚಪಡನದು, ಬೆವರು ಇನ್ನೊಬ್ಬನದು.

ಯಾಕೆ ಹೀಗೆ ಮಾಡಿದ? ಗಾಂಧಾರದ ಕಡೆಯಿಂದ ಬಂದವನಿರಬೇಕು ಅನ್ನುವವರಿದ್ದಾರೆ. ಅಶೋಕನ ಶಹಬಾಜ್‌ಗಢಿ, ಮಾನ್ಸೆಹ್ರಾ ಶಾಸನಗಳು ಖರೋಷ್ಠಿಯಲ್ಲೇ ಇವೆ. ಅಲ್ಲಿ ಕೆಲಸ ಕಲಿತು, ವರ್ಗವಾಗಿ ಇಷ್ಟು ದೂರ ಬಂದ ಗುಮಾಸ್ತ, ಊರ ನೆನಪಿಗೆ ಐದಕ್ಷರ ಬರೆದುಕೊಂಡ ಎಂದು ಒಂದು ಊಹೆ. ಎರಡೆರಡು ಲಿಪಿ ಬರುತ್ತದೆಂದು ಜಂಬ ಕೊಚ್ಚಿಕೊಂಡ ಎಂಬುದು ಇನ್ನೊಂದು. ಎರಡೂ ನಿಜವಿರಬಹುದು, ಜಂಬ ಮತ್ತು ತವರಿನ ನೆನಪು ಒಟ್ಟಿಗೇ ಬರುವಂಥವು. ನೆರೆಯ ಆಂಧ್ರದ ಕರ್ನೂಲು ಜಿಲ್ಲೆಯ ಎರ್ರಗುಡಿಯ ಅಶೋಕ ಶಾಸನದಲ್ಲಂತೂ ಕೆಲವು ಸಾಲುಗಳು ಬ್ರಾಹ್ಮಿಯಲ್ಲೇ ಬಲದಿಂದ ಎಡಕ್ಕೆ ಸಾಗುತ್ತವೆ! ಈ ಸೀಮೆಯ ಬಂಡೆಗಳಿಗೂ ದಿಕ್ಕು ತಪ್ಪಿಸುವ ಬರಹಕ್ಕೂ ಏನೋ ನಂಟಿದೆ.

ಕಾರಣ ಯಾವುದಾದರೂ ಆಗಲಿ, ಅವನ ಧೈರ್ಯ ನೋಡಿ. ಬರೆಯುತ್ತಿರುವುದು ಚಕ್ರವರ್ತಿಯ ಧರ್ಮಾಜ್ಞೆ. ಅದರ ಬುಡಕ್ಕೆ ಸಂಬಳದ ಲಿಪಿಕಾರನೊಬ್ಬ ತನ್ನ ಹೆಸರು ಹಾಕುತ್ತಾನೆ, ಹಾಕಿದ್ದಲ್ಲದೆ ಇಲ್ಲಿ ಓದಬಲ್ಲವರೇ ಅಪರೂಪವಾದ ಲಿಪಿಯಲ್ಲಿ ತನ್ನ ಕಸುಬನ್ನು ಸಾರುತ್ತಾನೆ. ಕಲಾವಿದರು ಹೆಸರು ಕೊರೆಯುವ ಚಾಳಿ ಕರ್ನಾಟಕಕ್ಕೆ ಹೊಸದಲ್ಲ. ಪಟ್ಟದಕಲ್ಲಿನ ಗುಂಡ ಅನಿವಾರಿತಾಚಾರಿ, ಬೇಲೂರಿನ ಬಳ್ಳಿಗಾವೆಯ ದಾಸೋಜ, ಹೊಯ್ಸಳ ಗುಡಿಗಳ ರೂವಾರಿ ಮಲ್ಲಿತಮ್ಮ, ಇವರ ಹೆಸರುಗಳನ್ನು ಹುಡುಕಿಕೊಂಡು ಹೋಗುವ ಪ್ರವಾಸಿಗರಿದ್ದಾರೆ. ದಾಸೋಜನಿಗಿಂತ ಸುಮಾರು 1,400 ವರ್ಷ ಹಿರಿಯನಾದ ಚಪಡನನ್ನು ಹುಡುಕುವವರು ಬೆರಳೆಣಿಕೆ. ಶಿಲ್ಪವಾದರೆ ಕಲೆ, ಅಕ್ಷರವಾದರೆ ದಾಖಲೆ! ಈ ಪಂಕ್ತಿಭೇದ ನನಗೆ ಒಪ್ಪಿಗೆಯಿಲ್ಲ.

ಬ್ರಾಹ್ಮಿ ಕ್ರಮೇಣ ಬದಲಾಗುತ್ತ ಬದಲಾಗುತ್ತ ಕನ್ನಡವಾಯಿತು, ಹಳೆಯ ಆಕಾರ ಮರೆತುಹೋಯಿತು. ಸಾವಿರ ವರ್ಷಕ್ಕೂ ಹೆಚ್ಚು ಕಾಲ ಈ ಬಂಡೆಗಳನ್ನು ಓದುವವರೇ ಇರಲಿಲ್ಲ. ದಿಲ್ಲಿಯಲ್ಲೂ ಅದೇ ಕಥೆ: 14ನೇ ಶತಮಾನದಲ್ಲಿ ಫಿರೋಜ್ ಷಾ ತುಘಲಕ್ ಅಶೋಕನ ಎರಡು ಕಂಬಗಳನ್ನು ದಿಲ್ಲಿಗೆ ಸಾಗಿಸಿ ತಂದ, ಅವುಗಳ ಮೇಲಿನದನ್ನು ಓದಬಲ್ಲ ಒಬ್ಬ ಪಂಡಿತನೂ ಅವನಿಗೆ ಸಿಗಲಿಲ್ಲ. ಓದಲಾಗದ ಆ ಕಾಲದಲ್ಲಿ ನಮ್ಮ ಹಳ್ಳಿಯವರು ಈ ಮೂರು ಬಂಡೆಗಳನ್ನು ಏನೆಂದು ಕರೆದರು ಗೊತ್ತೇ? ಇದನ್ನು ಓದಿದ ದಿನ ನಾನು ಪುಸ್ತಕ ಮುಚ್ಚಿಟ್ಟು ಎದ್ದು ಓಡಾಡಿದೆ. ಬ್ರಹ್ಮಗಿರಿಯದನ್ನು ಅವರು ಕರೆದದ್ದು ಅಕ್ಷರಗುಂಡು ಎಂದು! ಒಂದಕ್ಷರ ಓದಲು ಬಾರದು, ಭಾಷೆ ಯಾವುದೆಂದು ಗೊತ್ತಿಲ್ಲ, ಬರೆಸಿದವನು ಯಾರೆಂದು ಗೊತ್ತಿಲ್ಲ. ಆದರೂ ಇದು ಗೀಚಲ್ಲ, ಬಿರುಕಲ್ಲ, ದೇವರ ಪಾದದ ಗುರುತಲ್ಲ, ಅಕ್ಷರ ಎಂದು ಅವರಿಗೆ ಗೊತ್ತಿತ್ತು! ಅರ್ಥ ಪೂರಾ ಸತ್ತುಹೋದ ಮೇಲೂ ಆಕಾರವೊಂದೇ ನಿಂತು ‘ನಾನು ಬರಹ’ ಎಂದು ಹೇಳುತ್ತಿತ್ತು, ಹೇಳಿದ್ದು ಕೇಳಿಸುವ ಕಣ್ಣು ಊರಿನವರಿಗಿತ್ತು.

ಸಿದ್ದಾಪುರದ ಬಂಡೆಗೆ ಎಮ್ಮೆ ಕಾಯುವ ತಿಮ್ಮಯ್ಯನ ಹೆಸರು ಅಂಟಿಕೊಂಡಿತ್ತು. ಜಟಿಂಗ ರಾಮೇಶ್ವರದ್ದು ಇನ್ನೂ ಸೊಗಸು. ರಾವಣನೊಡನೆ ಹೋರಾಡಿ ಜಟಾಯು ಬಿದ್ದದ್ದು ಇಲ್ಲೇ ಎಂದು ಜನ ನಂಬುವ ಬೆಟ್ಟ ಅದು. ಮೇಲೆ ರಾಮೇಶ್ವರನ ಗುಡಿ. ಜಾತ್ರೆಯಲ್ಲಿ ಬಳೆಗಾರರು ಅಂಗಡಿ ಹೂಡುತ್ತಿದ್ದದ್ದು ಶಾಸನದ ಬಂಡೆಯ ಮೇಲೆಯೇ. ಹಾಗಾಗಿ ಅದು ಬಳೆಗಾರಗುಂಡು. ಅಲ್ಲಿ ಅಕ್ಷರಗಳು ಎಷ್ಟು ಸವೆದಿವೆಯೆಂದರೆ ಚಪಡನ ರುಜುವನ್ನು ಗುರುತು ಹಿಡಿಯಲು ಪಳಗಿದ ಕಣ್ಣು ಬೇಕು. ಒಂದೇ ಒಕ್ಕಣೆ, ಒಂದೇ ಕೈ. ಒಂದೂರಿನವರ ಕಣ್ಣಿಗೆ ಅಕ್ಷರ, ಇನ್ನೊಂದೂರಿನವರ ಕಣ್ಣಿಗೆ ತಿಮ್ಮಯ್ಯ, ಮೂರನೆಯವರಿಗೆ ಬಳೆ ಹರಡುವ ಜಾಗ! ನೋಟವೆಂದರೇನು ಎಂದು ದೊಡ್ಡ ದೊಡ್ಡ ಗ್ರಂಥ ಬರೆಯುವವರು ಈ ಮೂರು ಹೆಸರುಗಳ ಮುಂದೆ ಸ್ವಲ್ಪ ಹೊತ್ತು ಕೂರಬೇಕು.

1892ರಲ್ಲಿ ಬಿ.ಎಲ್. ರೈಸ್ ಬಂದರು. ಹುಟ್ಟಿದ್ದೇ ಬೆಂಗಳೂರಿನಲ್ಲಿ, 1837ರಲ್ಲಿ. ‘ಎಪಿಗ್ರಾಫಿಯಾ ಕರ್ನಾಟಿಕ’ದ ಸಂಪುಟಗಳ ಮೂಲಕ ನಮ್ಮ ಸಾವಿರಾರು ಶಾಸನಗಳನ್ನು ಕಾಪಾಡಿಕೊಟ್ಟವರು. ಬ್ರಾಹ್ಮಿಯ ಗಂಟನ್ನು ಜೇಮ್ಸ್ ಪ್ರಿನ್ಸೆಪ್ 1837ರಲ್ಲೇ ಬಿಡಿಸಿಯಾಗಿತ್ತು. ಖರೋಷ್ಠಿಯ ಗಂಟೂ ಹೆಚ್ಚುಕಡಿಮೆ ಅದೇ ಕಾಲಕ್ಕೆ, ಒಂದು ಬದಿ ಗ್ರೀಕ್ ಇನ್ನೊಂದು ಬದಿ ಖರೋಷ್ಠಿ ಇದ್ದ ಹಳೆಯ ನಾಣ್ಯಗಳಿಂದ ಸಡಿಲವಾಗಿತ್ತು. ಶಾಸನದ ಪಡಿಯಚ್ಚು ತೆಗೆಯುವ ಬಗೆಯೇ ಒಂದು ಕಲೆ. ಒದ್ದೆ ಕಾಗದವನ್ನು ಬಂಡೆಗೆ ಹಚ್ಚಿ, ಬ್ರಷ್ಷಿನಿಂದ ಬಡಿದು ಬಡಿದು ಪ್ರತಿ ಅಕ್ಷರದ ತಗ್ಗಿಗೂ ಕಾಗದ ಇಳಿಯುವಂತೆ ಮಾಡಿ, ಮೇಲೆ ಮಸಿ ತಟ್ಟುತ್ತಾರೆ. ತಗ್ಗಿಗೆ ಮಸಿ ಮುಟ್ಟುವುದಿಲ್ಲ. ಒಣಗಿ ಬಿಚ್ಚಿದಾಗ ಕರಿ ನೆಲದ ಮೇಲೆ ಬಿಳಿ ಅಕ್ಷರ ಎದ್ದು ನಿಂತಿರುತ್ತದೆ. ಇಲ್ಲಿಯ ಶಾಸನಗಳನ್ನು ವಿಯೆನ್ನಾದ ಗೇಯಾರ್ಗ್ ಬ್ಯೂಲರ್ ಓದಿ, ಲಿಪಿಕಾರನ ಹೆಸರನ್ನು ‘ಪಡ’ ಎಂದುಕೊಂಡರು. ಆಮೇಲೆ 1925ರಲ್ಲಿ ಶಾಸನತಜ್ಞ ಹುಲ್ಟ್ಜ್ ಅದನ್ನು ‘ಚಪಡ’ ಎಂದು ತಿದ್ದಿದರು. ಮೊದಲ ಅಕ್ಷರ ಹೆಸರಿಗೆ ಸೇರಿದ್ದೋ, ಹಿಂದಿನ ವಾಕ್ಯಕ್ಕೆ ಸೇರಿದ್ದೋ ಎಂಬ ತಕರಾರು ಅದು. ಎರಡು ಲಿಪಿ ಬಲ್ಲೆನೆಂದು ಮೆರೆದವನ ಹೆಸರೇ ಹೀಗೆ ಗೊಂದಲಕ್ಕೆ ಸಿಕ್ಕಿತು, ಪಾಪ.

ಈಗ ನಮ್ಮ ಕಾಲಕ್ಕೆ ಬನ್ನಿ. 1965ರಲ್ಲಿ ಜೋಸೆಫ್ ಕೊಸುತ್ ಎಂಬ ಅಮೆರಿಕದ ಕಲಾವಿದ ಒಂದು ಕುರ್ಚಿ, ಆ ಕುರ್ಚಿಯ ಫೋಟೊ, ನಿಘಂಟಿನಲ್ಲಿರುವ ಕುರ್ಚಿಯ ಅರ್ಥ, ಮೂರನ್ನೂ ಪಕ್ಕಪಕ್ಕ ಇಟ್ಟು, ಕುರ್ಚಿ ಯಾವುದು ಹೇಳಿ ಅಂದ. ಚೀನಾದ ಶು ಬಿಂಗ್ 1987ರಿಂದ 1991ರವರೆಗೆ ಕೂತು, ಸುಮಾರು 4,000 ಚೀನೀ ಅಕ್ಷರಗಳನ್ನು ಮರದ ಅಚ್ಚಿನಲ್ಲಿ ಕೊರೆದು, ಅಚ್ಚು ಹಾಕಿ, ಹಳೆಯ ಗ್ರಂಥಗಳಂತೆ ಹೊಲಿದು, ಸುರುಳಿ ಇಳಿಬಿಟ್ಟು ಪ್ರದರ್ಶಿಸಿದ. ಜನ ಬಂದು ಓದಲು ನೋಡಿದರು. ಒಂದೂ ಓದಲಾಗಲಿಲ್ಲ. ಯಾಕೆಂದರೆ ಅವೆಲ್ಲ ಅವನೇ ಹುಟ್ಟಿಸಿದ, ಯಾವ ಅರ್ಥವೂ ಇಲ್ಲದ ಅಕ್ಷರಗಳು! ಪ್ರಪಂಚವೇ ಬೆರಗಾಯಿತು. ಆಗಲೇಬೇಕಾದದ್ದು. ಆದರೆ ಓದಲಿಕ್ಕೆ ಬಂದವರನ್ನು ನಿಲ್ಲಿಸಿ ನೋಡಲು ಹಚ್ಚುವ ಆ ಪಟ್ಟು ನಮ್ಮ ಬಯಲುಸೀಮೆಗೆ ಹಳೆಯದು ಸ್ವಾಮಿ.

ಕನ್ನಡದಲ್ಲೇ ಈ ದಾರಿಯಲ್ಲಿ ನಡೆಯುತ್ತಿರುವವರು ರವಿಕುಮಾರ್ ಕಾಶಿ. 1968ರಲ್ಲಿ ಬೆಂಗಳೂರಿನಲ್ಲಿ ಹುಟ್ಟಿದವರು, ಬರೋಡಾದಲ್ಲಿ ಕಲಿತವರು, ಕೈಕಾಗದದ ಕಸುಬನ್ನು ಗ್ಲಾಸ್ಗೋದಲ್ಲೂ ಕೊರಿಯಾದಲ್ಲೂ ಕಲಿತು ಬಂದವರು. ಕಾಗದವನ್ನು ಬರೆಯುವ ಹಾಳೆಯಾಗಿ ಬಳಸದೆ ಅದರ ತಿರುಳಿನಿಂದಲೇ ಬರಹವನ್ನು ಎಳೆಯುತ್ತಾರೆ. ಅಕ್ಷರದ ಎಳೆ ಎಳೆ ಹೆಣೆದುಕೊಂಡು ಬಲೆಯಂತಾಗಿ ಗಾಳಿಯಲ್ಲಿ ತೂಗುತ್ತದೆ. ಹತ್ತಿರ ಹೋದರೆ ಓದಬಹುದು ಅನ್ನಿಸುತ್ತದೆ, ಓದಲು ಹೊರಟರೆ ಗೆರೆ ಇನ್ನೊಂದು ಗೆರೆಯೊಳಗೆ ನುಸುಳಿಬಿಡುತ್ತದೆ. ಕಲೆಯ ಬಗ್ಗೆ ಕನ್ನಡದಲ್ಲಿ ‘ಕಣ್ಣೆಲೆ’ಯಂಥ ಪುಸ್ತಕ ಬರೆದವರೂ ಅವರೇ. ನಮ್ಮ ಬೀದಿಬೀದಿಯ ಫ್ಲೆಕ್ಸುಗಳನ್ನು ಕೂಡ ಅವರು ವರ್ಷಗಟ್ಟಲೆ ಕ್ಯಾಮೆರಾದಲ್ಲಿ ಹಿಡಿದು 2019ರಲ್ಲಿ ‘ಫ್ಲೆಕ್ಸಿಂಗ್ ಮಸಲ್ಸ್’ ಎಂಬ ಪುಸ್ತಕ ತಂದರು. ಹುಟ್ಟುಹಬ್ಬದ ಶುಭಾಶಯ ಕೋರುವವರ ಸಾಲು ಸಾಲು ಮುಖ, ಸಾಲು ಸಾಲು ಹೆಸರು. ಚಕ್ರವರ್ತಿಯ ಅಪ್ಪಣೆಯ ಕೆಳಗೆ ತನ್ನ ಹೆಸರು ತೂರಿಸಿದ ಚಪಡ ಇವತ್ತು ಚಳ್ಳಕೆರೆಯ ನೆಹರು ಸರ್ಕಲ್ಲಿಗೆ ಬಂದು ನಿಂತರೆ, ನಾಯಕರ ಫೋಟೊ ಕೆಳಗೆ ಅಂಟಿಕೊಂಡ ಆ ಸಣ್ಣ ಸಣ್ಣ ಹೆಸರುಗಳನ್ನು ನೋಡಿ ಮುಸಿಮುಸಿ ನಕ್ಕಾನು.

ಚಳ್ಳಕೆರೆ ಅಂದೆನಲ್ಲ, ಅಲ್ಲಿಯದೇ ಇನ್ನೊಂದು ಅಚ್ಚರಿ ಹೇಳದೆ ಮುಂದೆ ಹೋಗಲಾರೆ. ಊರಿನ ಆಚೆ ಉಳ್ಳಾರ್ತಿ ಕಾವಲಿನಲ್ಲಿ 2016ರಲ್ಲಿ ಇಸ್ರೋದವರು ನೆಲ ತೋಡಿ ಚಂದ್ರನ ಮೇಲಿರುವಂಥ ಕುಳಿಗಳನ್ನು ಮಾಡಿದರು! ಚಂದ್ರಯಾನ–2ರ ಲ್ಯಾಂಡರಿನ ಸೆನ್ಸರುಗಳನ್ನು ವಿಮಾನದಲ್ಲಿ ಕೂರಿಸಿ ಮೇಲೆ ಹಾರಿಸಿ, ಅವು ಈ ಕುಳಿಗಳನ್ನು ಹೇಗೆ ಗ್ರಹಿಸುತ್ತವೆ, ಇಳಿಯಲು ಯೋಗ್ಯ ಜಾಗ ಯಾವುದೆಂದು ಹೇಗೆ ಗುರುತಿಸುತ್ತವೆ ಎಂದು ಪರೀಕ್ಷೆ ಮಾಡಿದರು. ಕುರಿ ಮೇಯುವ ಕಾವಲು ಯಂತ್ರದ ಕಣ್ಣಿಗೆ ಚಂದ್ರಲೋಕ. ನೋಡುವವನು ಬದಲಾದರೆ ನೆಲದ ಅರ್ಥವೇ ಬದಲಾಗುತ್ತದೆ ಎಂಬ ಆಟ ಈ ಸೀಮೆಯಲ್ಲಿ ನಿಂತೇ ಇಲ್ಲ ನೋಡಿ. ಮೊಳಕಾಲ್ಮುರಿನ ರೇಷ್ಮೆ ಮಗ್ಗಗಳೂ ಅಷ್ಟೆ. ಜಕಾರ್ಡಿನ ರಟ್ಟಿನ ಪಟ್ಟಿಗಳು ನಮ್ಮ ಕಣ್ಣಿಗೆ ಬರೀ ತೂತು. ತೂತಿದ್ದಲ್ಲಿ ಕೊಕ್ಕೆ ಎದ್ದು, ಇಲ್ಲದಲ್ಲಿ ಸುಮ್ಮನಿದ್ದು, ಮಗ್ಗ ಅದನ್ನು ಓದಿ ಸೆರಗಿನ ಮೇಲೆ ಹೂವು ಹಕ್ಕಿ ಮೂಡಿಸುತ್ತದೆ. ನಮಗೆ ಓದಲು ಬಾರದ ಬರಹ ಅಲ್ಲೂ ಇದೆ.

ಒಬ್ಬ ಕಚೇರಿ ಗುಮಾಸ್ತನ ರುಜುವಿಗೆ ಇಷ್ಟೆಲ್ಲ ಹೊರಿಸುವುದು ಅತಿಯಾಯಿತು ಎಂದು ನೀವು ಅನ್ನಬಹುದು. ಶಾಸನತಜ್ಞರು ಅನ್ನುತ್ತಾರೆ ಎಂಬುದಂತೂ ಖಾತ್ರಿ. ಅವನಿಗೆ ಕಲೆಯ ಉದ್ದೇಶ ಇತ್ತೆಂದು ಯಾವ ಪುರಾವೆಯೂ ಇಲ್ಲ, ಒಪ್ಪಿದೆ. ಆದರೆ ಬಂಡೆಯ ಮೇಲಿರುವುದನ್ನು ನೋಡಿ ಮಾತಾಡೋಣ. ಬ್ರಾಹ್ಮಿಯಲ್ಲೇ ಮುಗಿಸಿದ್ದರೆ ಸಾಕಿತ್ತು, ಮುಗಿಸಲಿಲ್ಲ. ಹೆಸರನ್ನು ಇಲ್ಲಿಯ ಓದುಬಲ್ಲವರಿಗೆಲ್ಲ ತಿಳಿಯುವ ಲಿಪಿಯಲ್ಲಿಟ್ಟು, ಕಸುಬನ್ನು ಮಾತ್ರ ಬೇರೆ ಲಿಪಿಯಲ್ಲಿಟ್ಟ. ಲಿಪಿಕಾರ ಎಂಬ ಪದವನ್ನೇ ಲಿಪಿ ಬದಲಿಸಿ ಬರೆದ! ಬೇರಾವ ಪದವನ್ನೂ ಆರಿಸಿಕೊಳ್ಳಲಿಲ್ಲ. ಇದನ್ನು ಕಾಕತಾಳೀಯ ಅನ್ನಲು ನನ್ನ ಬಾಯಿ ಬರುವುದಿಲ್ಲ. ತನ್ನ ವಿದ್ಯೆ ಏನೆಂದು ಹೇಳುವ ಪದದಲ್ಲೇ ಆ ವಿದ್ಯೆಯನ್ನು ಮಾಡಿ ತೋರಿಸಿದವನಿಗೆ ಕಲಾವಿದ ಎನ್ನದೆ ಇನ್ನೇನು ಅನ್ನಬೇಕು?

ಬ್ರಹ್ಮಗಿರಿಯ ಬಂಡೆಗೆ ಈಗ ಸೂರು ಕಟ್ಟಿದ್ದಾರೆ. ಪುರಾತತ್ವ ಇಲಾಖೆಯ ರಕ್ಷಣೆಯೂ ಇದೆ. ಹಂಪಿಗೋ ಚಿತ್ರದುರ್ಗದ ಕೋಟೆಗೋ ಹೋಗುವ ಶಾಲಾ ಪ್ರವಾಸದ ಬಸ್ಸುಗಳು ಇತ್ತ ತಿರುಗುವುದು ಅಪರೂಪ. ಮೇಷ್ಟ್ರುಗಳಲ್ಲಿ, ಚಿತ್ರಕಲಾ ಶಾಲೆಯವರಲ್ಲಿ ಒಂದು ಮನವಿ: ಒಂದು ಸಲ ಬಸ್ಸನ್ನು ಅಶೋಕ ಸಿದ್ದಾಪುರದ ಕಡೆ ತಿರುಗಿಸಿ. ಬೇಸಿಗೆ ಬೇಡ, ಕಲ್ಲು ಕಾಯುತ್ತದೆ. ಬೆಳಿಗ್ಗೆಯೋ ಸಂಜೆಯೋ ಓರೆ ಬಿಸಿಲಿನಲ್ಲಿ ಹೋಗಿ, ಆಗ ತಗ್ಗಿಗೆ ನೆರಳು ತುಂಬಿ ಅಕ್ಷರಗಳು ಚೆನ್ನಾಗಿ ಕಾಣುತ್ತವೆ. ಸೀಮೆಸುಣ್ಣ ತೀಡಬೇಡಿ, ನೀರು ಸುರಿಯಬೇಡಿ, ಬೆರಳಾಡಿಸಬೇಡಿ. ಕೊನೆಯ ಸಾಲಿಗೆ ಬಂದಾಗ ಮಕ್ಕಳಿಗೆ ಏನನ್ನೂ ಹೇಳದೆ, ಇಲ್ಲಿ ಏನು ಬದಲಾಗಿದೆ ಹುಡುಕಿ ಅನ್ನಿ. ಹುಡುಕಿಯೇ ಹುಡುಕುತ್ತಾರೆ.